ಭಾಗ್ಯಜ್ಯೋತಿಯವರ ಸಮತೋಲಿತ ಗೃಹಜೀವನದ ಪರಿಶೀಲನೆ

ಇಂಡಿ ತಾಲ್ಲೂಕಿನಲ್ಲಿ ಸಮತೋಲಿತ ಗೃಹಜೀವನ ನಡೆಸುತ್ತಿರುವ ನಟಿಯರ ಒಟ್ಟು ಸಂಖ್ಯೆ ಒಂದು. ಅದೂ ಪರಿಶೀಲನೆಗೆ ಒಳಪಟ್ಟು.

ಆ ಒಬ್ಬರೇ ಭಾಗ್ಯಜ್ಯೋತಿ. ಟೀವಿಯ ನಗೆ ಧಾರಾವಾಹಿಯೊಂದರಲ್ಲಿ ಏಳು ವರ್ಷ ರೊಟ್ಟಿ ಸುಡುವ ಸೊಸೆಯಾಗಿ ಮನೆಮಾತಾದವರು. ಅದು ಮುಗಿದ ಮೇಲೆ ಗಂಡ ಬಸಂತರಾಯ, ಅತ್ತೆ ಲಕ್ಕವ್ವ ಇವರೊಂದಿಗೆ ಇಂಡಿಯಲ್ಲಿ ನೆಲೆಸಿದ್ದರು. ತಿಂಗಳಿಗೆ ಎಂಟು ದಿನ ಬೆಂಗಳೂರಿಗೆ ಹೋಗಿ ಸಣ್ಣಪುಟ್ಟ ಪಾತ್ರ ಮಾಡಿ ಬರುವರು. ಆ ಎಂಟು ದಿನ, ಹಾಗೆ ನೋಡಿದರೆ ಉಳಿದ ದಿನಗಳಲ್ಲೂ, ಹೈಸ್ಕೂಲಿನಲ್ಲಿ ಗಣಿತ ಕಲಿಸುವ ಬಸಂತರಾಯರೇ ರೊಟ್ಟಿ ಬಡಿಯುತ್ತಿದ್ದರು. ಇದರಿಂದ ಯಾರಿಗೂ ತೊಂದರೆಯಾದ ವರದಿ ಇಲ್ಲ.

ಹೀಗಿರುವಾಗ ಹೊಸ ಧಾರಾವಾಹಿಯ ಮುಖ್ಯ ಪಾತ್ರಕ್ಕೆ ಕರೆ ಬಂತು. ಬಸ್ ಕಂಡಕ್ಟರ್ ಪಾತ್ರ. ಒಲೆಯ ಮುಂದೆ ನಿಲ್ಲದ ಪಾತ್ರ ಭಾಗ್ಯಜ್ಯೋತಿಗೆ ಸಿಕ್ಕಿದ್ದು ಇದೇ ಮೊದಲು. ಆಸೆ ಹೇಳತೀರದಷ್ಟಿತ್ತು. ಆದರೆ ನಿರ್ಮಾಪಕರು ಫೋನಿನಲ್ಲಿ, "ಈಗ ಜನ ನಟಿಯ ಮನೆ ಹೇಗಿದೆ ಅಂತಾನೂ ಕೇಳ್ತಾರೆ ಮೇಡಂ. ಒಂದು ಸರ್ಟಿಫಿಕೇಟ್ ತಂದುಬಿಡಿ" ಎಂದರು.

ಅಂಥ ಪ್ರಮಾಣಪತ್ರ ನೀಡಲೆಂದೇ ಸರಕಾರದ ‘ಮಾದರಿ ಮನೆ ಅಭಿಯಾನ ಸಮಿತಿ’ ಎಂಬುದೊಂದು ಇತ್ತು. ಅದುವರೆಗೆ ಯಾರೂ ಅರ್ಜಿ ಹಾಕಿರಲಿಲ್ಲವಾದ್ದರಿಂದ ಸಮಿತಿಯ ಕೆಲಸ ಸುಸೂತ್ರವಾಗಿ ನಡೆದಿತ್ತು. ಭಾಗ್ಯಜ್ಯೋತಿ ಅರ್ಜಿ ಹಾಕಿದ್ದೇ ಪರಿಶೀಲನಾಧಿಕಾರಿ ಅನಿಲಕುಮಾರ ಹದಿನಾಲ್ಕು ಪುಟದ ನಮೂನೆ ಹಿಡಿದು ಬಂದರು.

"ರೊಟ್ಟಿ ಯಾರು ಬಡೀತಾರ್ರಿ?"

"ನಮ್ಮ ಮನಿಯವರು ಬಡೀತಾರ್ರಿ. ನಾ ಪಲ್ಯಾ ಮಾಡ್ತೇನಿ."

ಅನಿಲಕುಮಾರ ಪುಟಗಳನ್ನು ಮುಂದೆ ತಿರುವಿದರು, ಹಿಂದೆ ತಿರುವಿದರು. "ಗಂಡ ಕೆಲಸ ಮಾಡೂದಕ್ಕ ಅಂಕಣ ಇಲ್ಲರಿ ಮೇಡಂ."

"ಹಂಗಾದ್ರ ಬಿಟ್ಟು ಬರೀರಿ."

"ಬಿಟ್ರ ರೊಟ್ಟಿ ತಾನಾಗೇ ಆತು ಅಂದಂಗ ಆಗತೈತಿ. ಆಕ್ಷೇಪಣಿ ಬರತೈತ್ರಿ."

ಬಹಳ ಹೊತ್ತಿನ ಚರ್ಚೆಯ ನಂತರ ಬಸಂತರಾಯರನ್ನು ಒಂಬತ್ತನೇ ಪುಟದ ‘ಗೃಹೋಪಯೋಗಿ ಉಪಕರಣಗಳು’ ಪಟ್ಟಿಯಲ್ಲಿ, ಮಿಕ್ಸರ್‌ನ ಕೆಳಗೆ, ನಮೂದಿಸಲಾಯಿತು. ಸ್ಥಿತಿ: ಸುಸ್ಥಿತಿ. ಬಸಂತರಾಯ ಕೈಯ ಹಿಟ್ಟು ಒರೆಸಿಕೊಂಡು ಓದಿ ನೋಡಿದರು. "ಲೆಕ್ಕ ಸರಿ ಐತಿ" ಅಂದರು.

ನಿಯಮ ಇಪ್ಪತ್ತೊಂದರ ಪ್ರಕಾರ ಅರ್ಜಿದಾರಳು ‘ಮನೆ ಬಿಟ್ಟು ಕದಲದ ಗೃಹಿಣಿ’ ಎಂಬ ವಿಷಯವಾಗಿ ಊರೂರಿಗೆ ಹೋಗಿ ಉಪನ್ಯಾಸ ಕೊಡಬೇಕಿತ್ತು. ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ಸೇರಿ ನಲವತ್ತು ದಿನ. ಶೂಟಿಂಗಿಗೆ ಹೋದ ದಿನಗಳು ಗೈರುಹಾಜರಿ. ಮನೆಯ ಬಗ್ಗೆ ಮಾತಾಡಲು ಹೋದ ದಿನಗಳು ಮನೆಯಲ್ಲಿದ್ದಂತೆಯೇ ಲೆಕ್ಕ.

ಭಾಗ್ಯಜ್ಯೋತಿ ಹೊರಟರು; ಹಾಜರಿ ಹಾಕಲು ಅನಿಲಕುಮಾರರೂ ಜೊತೆಗೆ ಹೊರಟರು. ಸಿಂದಗಿಯಲ್ಲಿ ಜನ ರೊಟ್ಟಿ ಸುಟ್ಟು ತೋರಿಸಿರೆಂದು ಕೇಳಿ ಚಪ್ಪಾಳೆ ತಟ್ಟಿದರು. ಮುದ್ದೇಬಿಹಾಳದ ಸಭೆಗೆ ಮುಂಚೆ ಗಂಡನ ಫೋನು ಬಂತು. ಅವ್ವನಿಗೆ ಜ್ವರ, ದವಾಖಾನೆಗೆ ಸೇರಿಸಿದ್ದೇನೆ, ನಿನ್ನ ಹೆಸರು ಹಿಡಿದು ಕರೀತಾಳೆ ಎಂದರು.

"ಸಾಹೇಬ್ರ, ನಾ ಊರಿಗೆ ಹೋಗಬೇಕ್ರಿ. ನಮ್ಮ ಅತ್ತಿಗೆ ಆರಾಮಿಲ್ಲ."

ಅನಿಲಕುಮಾರ ಮರುಕದಿಂದಲೇ ಹಾಜರಿ ಪುಸ್ತಕ ತೆಗೆದರು. "ದಾಖಲೆ ಪ್ರಕಾರ ನೀವು ಅತ್ತಿ ಹತ್ರನ ಅದೀರಿ ಮೇಡಂ. ಈಗ ಮತ್ತ ಹೋದ್ರ ಎರಡೆರಡು ಸಲ ಆಗತೈತಿ. ಹಂಗ ಬರೀಲಿಕ್ಕ ಬರೂದಿಲ್ಲ."

ಅಂದಿನ ವಿಷಯ ಅತ್ತೆಯ ಆರೈಕೆ. ವೇದಿಕೆ ಏರಿ ಎರಡು ಮಾತಾಡುವಷ್ಟರಲ್ಲಿ ಭಾಗ್ಯಜ್ಯೋತಿಗೆ ಕಣ್ಣೀರು ತಡೆಯಲಾಗಲಿಲ್ಲ. ಮುಂದಿನ ಸಾಲಿನ ಹೆಂಗಸರೂ ಸೆರಗಿನಿಂದ ಕಣ್ಣೊರೆಸಿಕೊಂಡರು. ‘ಉಪನ್ಯಾಸ ಮನಮುಟ್ಟುವಂತಿತ್ತು’ ಎಂದು ವರದಿಯಲ್ಲಿ ಬರೆಯಲಾಗಿದೆ.

ನಲವತ್ತನೇ ದಿನ ಮನೆ ಸೇರಿದಾಗ ಲಕ್ಕವ್ವ ಚೇತರಿಸಿಕೊಂಡು ಕಟ್ಟೆಯ ಮೇಲೆ ಕುಳಿತಿದ್ದಳು. ಸೊಸೆಯ ಮುಖವನ್ನು ಎರಡೂ ಕೈಯಲ್ಲಿ ಹಿಡಿದು, "ಸೊರಗಿದಿ ನನ್ನವ್ವ. ಯಾವಾಗ ಬಂದಿ?" ಎಂದು ಕೇಳಿದಳು.

"ನಾ ಹೋಗೇ ಇಲ್ಲಂತ್ರಿ ಅತ್ತಿ."

ಲಕ್ಕವ್ವ ತುಸು ಯೋಚಿಸಿ, "ಸರಕಾರದವರಿಗೆ ನಮಗಿಂತ ಹೆಚ್ಚು ಗೊತ್ತಿರತೈತಿ. ನನಗೂ ಜ್ವರ ಇತ್ತು, ನೀ ಇದ್ದದ್ದು ಕಂಡಿರಲಿಕ್ಕಿಲ್ಲ" ಎಂದು ಒಪ್ಪಿಕೊಂಡಳು.

ಮರುವಾರ ಅನಿಲಕುಮಾರ ಪ್ರಮಾಣಪತ್ರ ತಂದರು. ಭಾಗ್ಯಜ್ಯೋತಿ ಅದರ ಫೋಟೊ ತೆಗೆದು ಬೆಂಗಳೂರಿಗೆ ಕಳಿಸಿದರು; ಕಂಡಕ್ಟರ್ ಪಾತ್ರ ಖಾಯಂ ಆಯಿತು. ಆಮೇಲೆ ಅಧಿಕಾರಿಗಳು ಉಪಕರಣಗಳಿಗೆ ಸಂಖ್ಯೆಯ ಚೀಟಿ ಅಂಟಿಸುತ್ತ ಬಂದರು. ಮಿಕ್ಸರ್‌ಗೆ ಆರು. ಬಸಂತರಾಯರ ಅಂಗಿಯ ಜೇಬಿಗೆ ಏಳು. ಚೀಟಿ ಸರಿಯಾಗಿ ಅಂಟಲೆಂದು ಅವರು ಉಸಿರು ಬಿಗಿಹಿಡಿದು ನಿಂತರು.

ಇದನ್ನೆಲ್ಲ ಬಾಗಿಲಲ್ಲಿ ನಿಂತು ನೋಡುತ್ತಿದ್ದ ನೆರೆಮನೆಯ ಸುರೇಖಾ ಒಳಗೆ ಬಂದಳು. "ಸಾಹೇಬ್ರ, ನಮ್ಮ ಮನಿಯವರದ್ದೂ ಹೆಸರು ಹಚ್ಚಬೇಕಿತ್ರಿ, ಈ ಪಟ್ಟಿಯೊಳಗ."

"ಕೆಲಸ ಮಾಡ್ತಾರೇನ್ರಿ?"

ಸುರೇಖಾ ಪ್ರಾಮಾಣಿಕವಾಗಿ ಯೋಚಿಸಿದಳು. "ಇಲ್ಲರಿ."

"ಹಂಗಾದ್ರ ಉಪಕರಣದಾಗ ಬರೂದಿಲ್ಲ ತಾಯಿ," ಅನಿಲಕುಮಾರ ಮೊದಲನೇ ಪುಟ ತೆರೆದರು. "ಅವರು ಯಜಮಾನರು. ಅವರಿಗೆ ಬ್ಯಾರೆ ಅಂಕಣ ಐತಿ."

ಸುರೇಖಾ ಆ ಅಂಕಣದಲ್ಲಿ ಗಂಡನ ಹೆಸರು ಬರೆಸಿ, ರಸೀದಿ ಪಡೆದು ಮನೆಗೆ ಹೋದಳು.