ಎಂಟು ಸೀರೆಗೆ ನಾಲ್ಕು ಪುಸ್ತಕ

1948ರ ಸೆಪ್ಟೆಂಬರ್ 17ರಂದು ನಿಜಾಮರು ಕದನ ನಿಲ್ಲಿಸಿದರು, ಪೋಲೀಸ್ ಕಾರ್ಯಾಚರಣೆ ಮುಗಿಯಿತು. ಕೆಲವು ವಾರಗಳ ಮೇಲೆ ಗದ್ವಾಲದಿಂದ ನನ್ನ ಸೋದರಮಾವನ ನಾಲ್ಕು ಪುಸ್ತಕಗಳು ನಾರಾಯಣಪೇಟೆಯ ನಮ್ಮ ಮನೆಗೆ ಬಂದವು. ನಾನು ಒಂದು ವಾರಪತ್ರಿಕೆಗೆ ಈ ಸೀಮೆಯ ಸುದ್ದಿ ಬರೆಯುವವನು. ಕಂಡದ್ದನ್ನು ಕಂಡಷ್ಟೇ ಬರೆಯಬೇಕು ಎನ್ನುವುದು ನನ್ನ ಶಿಸ್ತು, ಸ್ವಲ್ಪ ಜಂಬವೂ ಹೌದು. ಅಂಥವನು ಒಂದೇ ಒಂದು ಸುಳ್ಳು ಬರೆದಿದ್ದೇನೆ. ಅದಕ್ಕೆ ಸಹಿಯನ್ನೂ ಹಾಕಿದ್ದೇನೆ.

ಮಾವ ಶಾಲೆಯಲ್ಲಿ ಚರಿತ್ರೆ ಕಲಿಸಿ ನಿವೃತ್ತರಾದವರು. ನಾಲ್ಕೂ ಪುಸ್ತಕಗಳನ್ನು ಕೈಯಲ್ಲೇ ಬರೆದು ತಾವೇ ರಟ್ಟು ಕಟ್ಟಿದ್ದರು. ಒಂದು, ಸೊಲ್ಲಾಪುರ ಮತ್ತು ಬೊಂಬಾಯಿಯ ಗಿರಣಿಗಳಿಗೆ ದುಡಿಯಲು ಹೋದ ನಮ್ಮವರ ಕುರಿತದ್ದು. ಇನ್ನೊಂದು, ಮನುಷ್ಯರನ್ನು ಮೈಬಣ್ಣ ನೋಡಿ ಮೇಲು ಕೀಳು ಮಾಡಿದವರ ಕುರಿತದ್ದು. ಮೂರನೆಯದು ಅರಬರು, ರೋಹಿಲ್ಲರು, ಹಬಶಿಗಳು ಈ ಸಂಸ್ಥಾನಕ್ಕೆ ಬಂದು ನೆಲೆಸಿದ ಕಥೆ. ನಾಲ್ಕನೆಯದರಲ್ಲಿ ರಾಜಕೀಯ ತಲೆಗೇರಿದವರೆಲ್ಲ ಇದ್ದಾರೆ. ರಜಾಕಾರರ ಕಾಲದಲ್ಲಿ ನಾಲ್ಕನೆಯದನ್ನು ಕಾಳಿನ ಹಗೇವಿನಲ್ಲಿ ಬಚ್ಚಿಡಬೇಕಾಯಿತು. ಮಿಲಿಟರಿಯವರು ಬಂದು ಕಮ್ಯುನಿಸ್ಟರನ್ನು ಹುಡುಕತೊಡಗಿದ ಮೇಲೆ ಅದನ್ನು ಹೊರಗೆ ತೆಗೆದು, ಗಿರಣಿ ಕೂಲಿಗಳ ಮಾತಿದ್ದ ಮೊದಲನೆಯದನ್ನು ಒಳಗಿಟ್ಟರು. ಕೊನೆಗೆ ಬೇಸತ್ತು ನಾಲ್ಕನ್ನೂ ನನಗೆ ಕಳಿಸಿದರು. ಬೇರೆ ಪ್ರತಿಯಿಲ್ಲ, ಜೋಪಾನ ಎಂದು ಚೀಟಿ ಬರೆದಿದ್ದರು. ಅವನ್ನು ಅಲ್ಲಿಯವರೆಗೆ ಯಾರೂ ಓದಿರಲಿಲ್ಲ. ನಾನೂ ಓದಿರಲಿಲ್ಲ.

ಪತ್ರಿಕೆಯವನ ಮನೆಯನ್ನೇ ಮೊದಲು ತಪಾಸು ಮಾಡುತ್ತಾರೆಂದು ಹೆದರಿ, ಪಕ್ಕದ ಮನೆಯ ನೇಕಾರಗಿತ್ತಿ ನಾಗವ್ವನ ಕೈಗೆ ಗಂಟು ಕೊಟ್ಟೆ. ಯಾರೇ ಬಂದರೂ ಇದರ ಮೇಲಿನ ಹೆಸರು ಕಾಣಬಾರದು ಎಂದು ಎರಡು ಸಲ ಹೇಳಿದೆ. ನಾಗವ್ವ ಹೇಳಿದ್ದನ್ನು ಚಾಚೂ ತಪ್ಪದೆ ಮಾಡುವ ಹೆಂಗಸು.

ನಮ್ಮೂರಲ್ಲಿ ಮಗ್ಗಕ್ಕೆ ಒಮ್ಮೆ ಹೂಡಿದ ಹಾಸಿನಲ್ಲಿ, ಅಂದರೆ ಉದ್ದ ನೂಲಿನಲ್ಲಿ, ಎಂಟು ಸೀರೆ ನೇಯುತ್ತಾರೆ. ನೇಯ್ದ ಸೀರೆ ನೆಟ್ಟಗೆ ನಿಲ್ಲಲೆಂದು ನಡುವೆ ಒಂದು ರಟ್ಟು ಇಟ್ಟು ಮಡಿಸುತ್ತಾರೆ. ಯುದ್ಧದ ಕಾಲದಿಂದ ರಟ್ಟಿನ ಬರ. ನಾಲ್ಕು ಪುಸ್ತಕಕ್ಕೆ ಎಂಟು ರಟ್ಟು. ಹತ್ತು ದಿನ ಬಿಟ್ಟು ನಾನು ವಿಚಾರಿಸಲು ಹೋದಾಗ ನಾಗವ್ವ ಬೋಳು ಪುಸ್ತಕಗಳನ್ನು ಹೆಮ್ಮೆಯಿಂದ ತೋರಿಸಿದಳು.

“ಒಳಗಿಂದು ಒಂದು ಹಾಳಿ ಮುಟ್ಟಿಲ್ರಿ ಅಣ್ಣಾರ. ಹೆಸರು ಕಾಣಬಾರ್ದು ಅಂದಿದ್ರಿ, ಈಗ ಯಾರಿಗಿ ಕಾಣತೈತಿ?”

ಮಾವನ ದಪ್ಪ ಅಕ್ಷರದಲ್ಲಿ ಪುಸ್ತಕದ ಹೆಸರು, ಅವರ ಹೆಸರು, ಗದ್ವಾಲದ ವಿಳಾಸ ಇದ್ದ ರಟ್ಟುಗಳು ಅಷ್ಟರಲ್ಲಿ ಸೀರೆಗಳ ಮಡಿಕೆಯೊಳಗೆ ಹತ್ತಿರದ ಮಕ್ತಲದ ಅಂಗಡಿ ಸೇರಿದ್ದವು. ಅದಾದ ಮೂರನೆಯ ದಿನ ಮಕ್ತಲದ ಅಮೀನರಿಂದ, ಅಂದರೆ ಠಾಣೆಯ ಅಧಿಕಾರಿಯಿಂದ, ನನಗೆ ಬುಲಾವು ಬಂತು. ಅಂಗಡಿಯವನು ನಾಗವ್ವನ ಹೆಸರು ಹೇಳಿದ್ದ, ನಾಗವ್ವ ನನ್ನದು ಹೇಳಿದ್ದಳು.

ಅಮೀನರು ರಾಯಚೂರ ಕಡೆಯವರು, ಸೌಮ್ಯ ಮನುಷ್ಯ. ಮೇಜಿನ ಮೇಲೆ ಗಿರಣಿ ಪುಸ್ತಕದ ರಟ್ಟು ಇತ್ತು. ಇದರ ಒಳಗಿನ ಪುಸ್ತಕ ಎಲ್ಲಿ ಎಂದು ಕೇಳಿದರು. ನನಗೆ ಮಾವನ ಕೈಗೆ ಬೇಡಿ ಬಿದ್ದದ್ದು ಕಂಡಿತು. ನನ್ನ ಕೈಗೆ ಬಿದ್ದದ್ದು ಇನ್ನೂ ಸ್ಪಷ್ಟವಾಗಿ ಕಂಡಿತು. ಪುಸ್ತಕವೇ ಇಲ್ಲ, ನಮ್ಮ ಮಾವನಿಗೆ ಬರೀ ರಟ್ಟು ಕಟ್ಟಿ ಹೆಸರು ಬರೆಯುವ ಚಟ, ಒಳಗೆ ಅವರು ಒಂದು ಸಾಲೂ ಬರೆದವರಲ್ಲ ಎಂದೆ. ಹಾಗಾದರೆ ಬರೆದುಕೊಡಿ ಎಂದರು. ವರದಿಗಾರನಾದ್ದರಿಂದ ಚೊಕ್ಕವಾಗಿ ಬರೆದುಕೊಟ್ಟೆ.

ಅವರು ಅದನ್ನು ಓದಿ, ಮಡಿಸಿ, ನಿಟ್ಟುಸಿರು ಬಿಟ್ಟರು.

“ನಮ್ಮ ಮನಿಯಾಕಿ ಕೇಳಿದ್ಲ್ರಿ. ಸೀರಿ ಬಿಚ್ಚಿದಾಗ ಇದು ಸಿಕ್ತಂತ. ಅವರಪ್ಪ ಸೊಲ್ಲಾಪುರದ ಗಿರಣ್ಯಾಗ ದುಡದು ಅಲ್ಲೇ ತೀರಿಕೊಂಡ. ಓದಾಕ ಬೇಕಂದ್ಲು. ಇಲ್ಲಂದ್ಮ್ಯಾಲ ಇಲ್ಲ ಬಿಡ್ರಿ.”

ಇದೆ ಎನ್ನಲು ಬಾಯಿ ತೆರೆದೆ. ಕಾಗದ ಆಗಲೇ ಕಡತ ಸೇರಿತ್ತು. ನಾರಾಯಣಪೇಟೆಯ ಬಸ್ಸು ಹತ್ತಿದೆ.

ನಡೆದದ್ದನ್ನು ಮಾವನಿಗೆ ಬರೆದೆ. ರಟ್ಟು ಹೋದದ್ದಕ್ಕೆ ಬೈಯುತ್ತಾರೆಂದುಕೊಂಡಿದ್ದೆ. ಅವರು ಖುದ್ದಾಗಿ ಬಂದರು, ಚಪ್ಪಲಿಯನ್ನೂ ಬಿಡಲಿಲ್ಲ.

“ಇಪ್ಪತ್ತು ವರ್ಷ ಬರದೀನಲೇ. ಒಬ್ಬಾಕಿ ಓದತೀನಿ ಅಂದ್ಲು. ನೀ ಪುಸ್ತಕನ ಇಲ್ಲಂತ ಸಹಿ ಮಾಡಿ ಬಂದಿ.”

ಅಮೀನರ ಮಾತು ಬಲೆಯಿದ್ದರೂ ಇರಬಹುದು, ಹಿಡಿದು ಕೂರಿಸಿದರೆ ಬಿಡಿಸುವವರಿಲ್ಲ ಎಂದು ತಿಳಿಹೇಳಿದೆ. ಮಾವ ಗಿರಣಿಯ ಬೋಳು ಪುಸ್ತಕವನ್ನು ಎಲ್ಲರಿಗೂ ಕಾಣುವಂತೆ ಕಂಕುಳಲ್ಲಿಟ್ಟುಕೊಂಡು ಮಕ್ತಲಕ್ಕೆ ಹೊರಟರು. ನಾನು ಬಸ್ ನಿಲ್ಲುವಲ್ಲಿ ಮೂರು ಬಸ್ಸು ಬಂದು ಹೋಗುವವರೆಗೆ ಕಾದೆ. ನಾಲ್ಕನೆಯದರಲ್ಲಿ ಇಳಿದರು. ಕಂಕುಳು ಬರಿದಾಗಿತ್ತು.

ಏನಂದರು ಎಂದು ಕೇಳಿದೆ. ಚಹಾ ಕೊಟ್ಟರು, ಅಷ್ಟೇ ಎಂದರು. ನನ್ನ ಹೇಳಿಕೆಯನ್ನು ಅಮೀನರು ಮಾವನಿಗೆ ತೋರಿಸಿದರಂತೆ. ಅಕ್ಷರ ಚಂದ ಇದೆ ಎಂದು ಮಾವ ಒಪ್ಪಿಕೊಂಡರಂತೆ.

ಆ ಹೇಳಿಕೆ ಈಗಲೂ ಮಕ್ತಲದ ಕಡತದಲ್ಲಿದೆ. ಮೊನ್ನೆ ಸೋಮವಾರ ಬಂದ ಸುದ್ದಿಯ ಪ್ರಕಾರ ಅಮೀನರ ಹೆಂಡತಿ ತೊಂಬತ್ತಾರನೆಯ ಪುಟ ಓದುತ್ತಿದ್ದಾರೆ.