ಅತ್ತೆ ಹೊಲಿದ ಹಕ್ಕಿ, ಅಳಿಯ ಕೊರೆದ ಗೋಡೆ

"ಗೋಡೆ ಅಂದ್ರೆ ಏನು? ದೊಡ್ಡ ಹಲ್ಲು. ಅಷ್ಟೇ."

ಭಾನುವಾರ ಬೆಳಿಗ್ಗೆ ಹತ್ತು ಗಂಟೆಗೆ ಹಲ್ಲಿನ ಡಾಕ್ಟರು ತಮ್ಮ ಹಾಲ್‌ನ ನಟ್ಟನಡುವೆ ನಿಂತು ಈ ಘೋಷಣೆ ಹೊರಡಿಸಿದರು. ಇಪ್ಪತ್ತೆರಡು ವರ್ಷದಿಂದ ಜನರ ಬಾಯೊಳಗೆ, ಅದೂ ಅಲುಗಾಡುವ, ಉಗುಳುವ, ನರಳುವ ಬಾಯೊಳಗೆ, ಕೂದಲೆಳೆಯಷ್ಟೂ ಆಚೀಚೆಯಾಗದಂತೆ ತೂತು ಕೊರೆದ ಕೈ ಅದು! ಗೋಡೆಯಾದರೋ ನಾಲಿಗೆ ಅಡ್ಡ ತರುವುದಿಲ್ಲ, ಸೂಜಿ ಕಂಡ ಕೂಡಲೇ ಕುರ್ಚಿಯಿಂದ ಎದ್ದು ಓಡುವುದಿಲ್ಲ. ಇಂಥ ಸಾಧುಪ್ರಾಣಿಗೆ ಎರಡು ತೂತು ಹಾಕಲು ಬಡಗಿಯನ್ನು ಕರೆಸೋಣ ಎಂದು ಹೆಂಡತಿ ಹೇಳಿದ್ದು ಡಾಕ್ಟರ ಸ್ವಾಭಿಮಾನಕ್ಕೆ ಸರಿಯಾಗಿ ಚುಚ್ಚಿತ್ತು. ಹದಿನೈದು ನಿಮಿಷದ ಕೆಲಸ, ಆಮೇಲೆ ಕಾಫಿ ಎಂದು ಅವರು ತೋಳು ಮಡಚಿದರು.

ಇಷ್ಟು ಅವಸರಕ್ಕೆ ಕಾರಣ ಅತ್ತೆ. ಆಕೆ ಕಳೆದ ವರ್ಷ ಮಗಳು ಅಳಿಯನಿಗೆಂದು ಗೋಡೆಗೆ ತೂಗುಹಾಕುವ ಒಂದು ಬಟ್ಟೆಯ ಚಿತ್ರ ಹೊಲಿದು ಕಳಿಸಿದ್ದರು. ಮನೆಮಂದಿಯ ಹಳೇ ಬಟ್ಟೆಗಳನ್ನು ಕತ್ತರಿಸಿ, ಚೂರಿಗೆ ಚೂರು ಜೋಡಿಸಿ, ಎರಡು ವರ್ಷ ಕಿಟಕಿಯ ಪಕ್ಕ ಕೂತು ಹೊಲಿದದ್ದು. ನಡುವೆ ರೆಕ್ಕೆ ಬಿಚ್ಚಿದ ಒಂದು ಹಕ್ಕಿ. ಅದರ ಎದೆ ತೀರಿಹೋದ ಮಾವನವರ ನೀಲಿ ಅಂಗಿ, ರೆಕ್ಕೆ ಮಗಳ ಶಾಲೆಯ ಸಮವಸ್ತ್ರ, ಕೊಕ್ಕು ಡಾಕ್ಟರೇ ಬಿಸಾಕಿದ್ದ ಹಳದಿ ಟೈ.

ಆ ಹಕ್ಕಿ ಗೋಡೆ ಹತ್ತಲೇ ಇಲ್ಲ. ಇವತ್ತು ನಾಳೆ ಅನ್ನುತ್ತಾ ಬೀರುವಿನ ಮೇಲಿನ ಅರೆಯಲ್ಲಿ ನುಸಿಗುಳಿಗೆಯ ವಾಸನೆ ಕುಡಿದು ಮಲಗಿತ್ತು. ಆದರೆ ಅತ್ತೆ ಫೋನಿನಲ್ಲಿ ಕೇಳಿದಾಗಲೆಲ್ಲ ಡಾಕ್ಟರ ಬಾಯಲ್ಲಿ ಒಂದೇ ಮಾತು: "ಹಾಲ್‌ನಲ್ಲಿ ರಾರಾಜಿಸ್ತಾ ಇದೆ ಅತ್ತೆ. ನೋಡಿದವರೆಲ್ಲ ಬೆರಗಾಗ್ತಾರೆ." ನಾಲಿಗೆಗೆ ಎಲುಬಿಲ್ಲ ಎನ್ನುವುದು ಹಲ್ಲಿನ ಡಾಕ್ಟರಿಗೆ ಗೊತ್ತಿರದೆ ಇನ್ಯಾರಿಗೆ ಗೊತ್ತಿರಬೇಕು!

ಅಂದು ಬೆಳಿಗ್ಗೆ ಅತ್ತೆಯ ಫೋನ್ ಬಂತು. ಮಂಗಳವಾರ ಕಣ್ಣಿನ ಪೊರೆಯ ಆಪರೇಷನ್ ಅಂತೆ. ಭಯವೇನೂ ಇಲ್ಲವಂತೆ. ಆದರೂ ಅದಕ್ಕೆ ಮುಂಚೆ ಒಂದು ಸಲ ತನ್ನ ಹಕ್ಕಿ ಗೋಡೆಯ ಮೇಲೆ ಇರುವುದನ್ನು ಇರೋ ಕಣ್ಣಲ್ಲೇ ನೋಡಿಬಿಡುತ್ತಾರಂತೆ. ಸಂಜೆ ನಾಲ್ಕಕ್ಕೆ ಬರುತ್ತೇನೆ ಎಂದು ಫೋನ್ ಇಟ್ಟೇಬಿಟ್ಟರು.

ಹೆಂಡತಿ ಸ್ಟೂಲು ಹತ್ತಿ ಹಕ್ಕಿಯ ಗಂಟು ಇಳಿಸಿಕೊಂಡು ಬಂದು ಮೇಜಿನ ಮೇಲಿಟ್ಟಳು.

"ಇದನ್ನ ಹೊಲಿದು ಹೊಲಿದೇ ಅಮ್ಮನ ಕಣ್ಣು ಹೋಗಿದ್ದು ರೀ. ಒಂದು ವರ್ಷ ಬೀರುವಿನಲ್ಲಿ ಬಿದ್ದಿತ್ತು ಅಂತ ಗೊತ್ತಾದ್ರೆ ನಾನು ಅವಳಿಗೆ ಹೇಗೆ ಮುಖ ತೋರಿಸ್ಲಿ?"

ಗೊತ್ತಾಗುವ ಪ್ರಶ್ನೆಯೇ ಇಲ್ಲ ಎಂದು ಡಾಕ್ಟರು ಅಭಯ ಕೊಟ್ಟರು. ಅಡುಗೆಮನೆಗೆ ಹೋಗುತ್ತಿದ್ದ ಹೆಂಡತಿ ಬಾಗಿಲಲ್ಲಿ ತಿರುಗಿ ನಿಂತು, "ಏನೇ ಮಾಡಿ, ಹಿಂದುಮುಂದು ನೋಡಿ ಹಾಕಿ," ಎಂದಳು. ಡಾಕ್ಟರಿಗೆ ರೇಗಿತು. ನಾನು ಯಾವತ್ತು ಹಿಂದುಮುಂದು ನೋಡದೆ ಕೆಲಸಕ್ಕೆ ಕೈಹಾಕಿದ್ದೇನೆ, ಒಂದಾದರೂ ಉದಾಹರಣೆ ಕೊಡು ಎಂದು ಸವಾಲು ಹಾಕಿದರು. ಆಕೆ ಬೆರಳು ಮಡಚಲು ಶುರು ಮಾಡಿದ್ದೇ, ಡ್ರಿಲ್ ತರುವ ನೆಪದಲ್ಲಿ ಪಕ್ಕದ ಮನೆಗೆ ಓಡಿದರು.

ಪಕ್ಕದ ಮನೆಯವರು ನಿವೃತ್ತ ಭೂಗೋಳದ ಮೇಷ್ಟ್ರು. ಒಂಟಿಜೀವ. ಬಡಗಿಯ ಸಾಮಾನೆಲ್ಲ ಅವರ ಹತ್ತಿರ ಇತ್ತು. ಡ್ರಿಲ್ ಕೊಡುವಾಗ ಅವರು, ನಮ್ಮಿಬ್ಬರ ನಡುವಿನ ಗೋಡೆ ಒಂಟಿ ಇಟ್ಟಿಗೆಯದು, ನೀವು ಆಕಳಿಸಿದರೂ ನನಗೆ ಕೇಳುತ್ತದೆ, ಸ್ವಲ್ಪ ನಿಧಾನ ಎಂದು ಎಚ್ಚರಿಸಿದರು. ಹಾಲು ಹಲ್ಲು ಕೂಡ ಕೊರೆದ ನನಗೆ ಇದೇನು ಎಂದು ಡಾಕ್ಟರು ಮನಸ್ಸಿನಲ್ಲೇ ನಕ್ಕರು.

ಊಟ ಮುಗಿಸಿ, ಒಂದು ಸಣ್ಣ ನಿದ್ದೆಯನ್ನೂ ಮುಗಿಸಿ, ಎರಡೂವರೆಗೆ ಶಸ್ತ್ರಕ್ರಿಯೆ ಶುರುವಾಯಿತು. ಹದಿನೈದು ನಿಮಿಷದ ಕೆಲಸಕ್ಕೆ ಬೆಳಿಗ್ಗೆಯಿಂದಲೇ ಯಾಕೆ ಒದ್ದಾಡಬೇಕು? ಹೆಂಡತಿ ವ್ಯಾಕ್ಯೂಮ್ ಕ್ಲೀನರ್‌ನ ಕೊಳವೆ ಹಿಡಿದು ಪಕ್ಕದಲ್ಲಿ ನಿಂತಳು. ಕ್ಲಿನಿಕ್ಕಿನಲ್ಲಿ ನರ್ಸು ರೋಗಿಯ ಬಾಯಿಗೆ ಎಂಜಲು ಎಳೆಯುವ ಕೊಳವೆ ಹಿಡಿಯುವ ಹಾಗೆ ಹಿಡಿಯಬೇಕೆಂದು ಅವಳಿಗೆ ಆಜ್ಞೆಯಾಗಿತ್ತು. ಡಾಕ್ಟರು ಗೋಡೆಯನ್ನು ಬೆರಳ ಗೆಣ್ಣಿನಿಂದ ಟಕ್ ಟಕ್ ಎಂದು ತಟ್ಟಿ, ಕಿವಿ ಇಟ್ಟು, ಪೆನ್ಸಿಲ್ಲಿನಿಂದ ಗುರುತು ಹಾಕಿ, ಡ್ರಿಲ್ ಎತ್ತಿದರು. ಅಭ್ಯಾಸಬಲ ನೋಡಿ, "ನೋವಾದ್ರೆ ಎಡಗೈ ಎತ್ತಿ," ಎಂದು ಗೋಡೆಗೆ ಹೇಳಿಯೂ ಬಿಟ್ಟರು.

ಗೋಡೆ ಕೈ ಎತ್ತಲಿಲ್ಲ. ಡರ್ರ್ ಎಂದ ಮೂರನೇ ಕ್ಷಣಕ್ಕೆ ಗಾರೆ ಪುಡಿಪುಡಿಯಾಗಿ ಉದುರಿತು. ಬೇರೆ ಯಾರಾದರೂ ಆಗಿದ್ದರೆ ಒಂದು ಗೇಣು ಆಚೆ ಸರಿದು ಇನ್ನೊಂದು ತೂತು ಕೊರೆದು ಕಾಫಿ ಕುಡಿಯುತ್ತಿದ್ದರು. ಆದರೆ ಇವರು ಹಲ್ಲಿನ ಡಾಕ್ಟರು! ತೂತಿನೊಳಗೆ ಟಾರ್ಚ್ ಬಿಟ್ಟು ನೋಡಿ ಮುಖ ಗಂಭೀರ ಮಾಡಿದರು.

"ಹುಳುಕು," ಎಂದರು. "ಒಳಗೆಲ್ಲ ಹುಳುಕು ಹಿಡಿದಿದೆ."

ಗೋಡೆಗೆ ಎಂಥ ಹುಳುಕು, ಪಕ್ಕಕ್ಕೆ ಕೊರೆಯಿರಿ ಎಂದು ಹೆಂಡತಿ ಬೇಡಿಕೊಂಡಳು. ಡಾಕ್ಟರು ಕೇಳಬೇಕಲ್ಲ! ಹುಳುಕನ್ನು ಪೂರ್ತಿ ತೆಗೆಯದೆ ಮೇಲೆ ಮುಚ್ಚುವುದು ವೃತ್ತಿಧರ್ಮಕ್ಕೆ ವಿರುದ್ಧ ಎಂದು ಉಪದೇಶ ಮಾಡುತ್ತಾ ಉಳಿ, ಸುತ್ತಿಗೆ ಹಿಡಿದು ಕೆರೆಯತೊಡಗಿದರು. ಕೆರೆದಷ್ಟೂ ಉದುರಿತು. ಉದುರಿದಷ್ಟೂ ಕೆರೆದರು. ಅಂಗಿಯ ಗುಂಡಿಯಷ್ಟಿದ್ದ ತೂತು ಲೋಟದಷ್ಟಾಯಿತು, ಲೋಟದಷ್ಟಿದ್ದದ್ದು ಊಟದ ತಟ್ಟೆಯಷ್ಟಾಯಿತು. ಅಷ್ಟರಲ್ಲಿ ಒಳಗಿನ ಇಟ್ಟಿಗೆಗಳು ಗಡಗಡ ಅಲುಗಾಡಿದವು. ಅಲುಗಾಡುವ ಹಲ್ಲು ಕಂಡರೆ ಡಾಕ್ಟರ ಕೈ ತಡೆಯುವುದಿಲ್ಲ. ಆದರೆ ಹಲ್ಲನ್ನು ಎಳೆಯಬೇಕು. ಅವಸರದಲ್ಲಿ ಇವರು ತಳ್ಳಿದರು.

ಪರ್ರ್ ಎಂದು ಏನೋ ಹರಿದ ಸದ್ದು. ಆಮೇಲೆ ಆ ಕಡೆಯಿಂದ ದಡಬಡ.

ಗೋಡೆಯಲ್ಲಿ ಬೆಳಕು ಕಂಡಿತು. ಬೆಳಕಿನಲ್ಲಿ ಒಂದು ಕಣ್ಣು ಕಂಡಿತು. ಕಣ್ಣಿನ ಹಿಂದೆ ಭೂಗೋಳದ ಮೇಷ್ಟ್ರು ಇದ್ದರು.

"ಡಾಕ್ಟ್ರೇ," ಎಂದಿತು ಒಂದು ನಡುಗುವ ದನಿ, "ಡ್ರಿಲ್ ವಾಪಸ್ ಕೊಡೋದಿದ್ರೆ ಬಾಗಿಲಿಂದ ಬರಬಹುದಿತ್ತು."

ಆ ಕಡೆ ಅದೇ ಜಾಗದಲ್ಲಿ ಮೇಷ್ಟ್ರ ಗೋಡೆಯಗಲದ ಪ್ರಪಂಚದ ಭೂಪಟ ಇತ್ತು. ಇಟ್ಟಿಗೆಗಳು ಅದನ್ನು ಸರಿಯಾಗಿ ಮಹಾಸಾಗರದ ಮಧ್ಯೆ ಸೀಳಿಕೊಂಡು ಹೋಗಿ ಸೋಫಾದ ಮೇಲೆ ಬಿದ್ದಿದ್ದವು. ಮೇಷ್ಟ್ರು ಅರ್ಧ ನಿಮಿಷದ ಹಿಂದಷ್ಟೇ ನೀರು ಕುಡಿಯಲು ಆ ಸೋಫಾದಿಂದ ಎದ್ದಿದ್ದರಂತೆ. ಗಂಟೆ ಮೂರೂವರೆ. ಹೆಂಡತಿ, ತಾನು ವಾಪಸ್ ಬರುವವರೆಗೆ ಯಾವುದನ್ನೂ ಮುಟ್ಟಕೂಡದು ಎಂದು ಗಂಡನಿಗೆ ತಾಕೀತು ಮಾಡಿ, ಪೊರಕೆ ಹಿಡಿದುಕೊಂಡು ಮೇಷ್ಟ್ರ ಮನೆಗೆ ಓಡಿದಳು.

ಮುಟ್ಟದೆ ಇದ್ದರೆ ನಾಲ್ಕು ಗಂಟೆಗೆ ಅತ್ತೆಗೆ ಏನು ತೋರಿಸುವುದು, ತೂತನ್ನೇ? ಡಾಕ್ಟರ ತಲೆ ಚುರುಕಾಯಿತು. ಹಾಳಾದ ಹಲ್ಲಿಗೆ ಮೇಲೊಂದು ಕ್ಯಾಪ್ ಹಾಕಿದರೆ ಒಳಗಿನ ಅವಾಂತರ ಯಾರಿಗೆ ಕಾಣುತ್ತದೆ? ಅತ್ತೆಯ ಹಕ್ಕಿಯೇ ಕ್ಯಾಪ್! ಹಲ್ಲಿನ ಅಚ್ಚು ಎರಕ ಹೊಯ್ಯುವ ಪುಡಿಯ ಡಬ್ಬ ಒಂದು ಮನೆಯಲ್ಲೇ ಇತ್ತು. ನೀರು ಬೆರೆಸಿದರೆ ಹತ್ತೇ ನಿಮಿಷಕ್ಕೆ ಕಲ್ಲಾಗುವ ಪುಡಿ. ಒಂದು ಬೋಗುಣಿ ಕಲಸಿ, ತೂತಿನ ಮೇಲುಗಡೆ ಎರಡು ಕೊಕ್ಕೆ ಮೆತ್ತಿ, ಅವು ಗಟ್ಟಿಯಾದ ಮೇಲೆ ಬಟ್ಟೆಗೆ ಕೋಲು ತೂರಿಸಿ ನೇತುಹಾಕಿದರು. ಸೊಗಸಾಗಿ ನಿಂತಿತು.

ನಿಂತದ್ದು ಒಂದೇ ಕ್ಷಣ. ಆ ಕಡೆ ಮೇಷ್ಟ್ರು ತಲೆಸುತ್ತು ಎಂದು ಫ್ಯಾನ್ ಹಾಕಿಸಿಕೊಂಡರು. ತೂತಿನಿಂದ ಗಾಳಿ ನುಗ್ಗಿತು. ಬಟ್ಟೆ ಹೊಟ್ಟೆ ಉಬ್ಬಿಸಿ ಮೇಲೆದ್ದಿತು, ಇಳಿಯಿತು, ಮತ್ತೆ ಎದ್ದಿತು. ಹಕ್ಕಿ ಉಸಿರಾಡುತ್ತಿದೆ! ಡಾಕ್ಟರು ಗಾಬರಿಯಲ್ಲಿ ಹೊಸದಾಗಿ ಇನ್ನೊಂದು ಬೋಗುಣಿ ಕಲಸಿ ಬಟ್ಟೆಯ ನಾಲ್ಕೂ ಅಂಚಿಗೆ ಧಾರಾಳವಾಗಿ ಮೆತ್ತಿ, ಗೋಡೆಗೆ ಒತ್ತಿ ಹಿಡಿದರು. ಕನ್ನಡಕದ ತುಂಬ ಬಿಳಿ ಪುಡಿ. ಅದೇ ಪುಡಿಗೈಯಿಂದ ಒರೆಸಿಕೊಂಡರು. ಹಕ್ಕಿ ಸ್ವಲ್ಪ ಮಂಕಾಗಿ ಕಂಡಿತು. ದೂಳು ಇರಬೇಕು ಎಂದುಕೊಂಡರು.

ನಾಲ್ಕಕ್ಕೆ ಸರಿಯಾಗಿ ಬಾಗಿಲು ತಟ್ಟಿದ ಸದ್ದಾಯಿತು. ತೆರೆದರೆ ಅತ್ತೆ! ನೆತ್ತಿಯಿಂದ ಪಾದದವರೆಗೆ ಬೆಳ್ಳಗಾಗಿದ್ದ ಅಳಿಯನನ್ನು ಅವರು ಕಣ್ಣು ಕಿರಿದು ಮಾಡಿ ನೋಡಿದರು.

"ಸುಣ್ಣ ಹೊಡೆಯೋಕೆ ಬಂದಿದ್ದೀಯೇನಪ್ಪಾ? ಅಳಿಯಂದ್ರು ಇಲ್ವಾ?"

ಅಳಿಯಂದ್ರು ಇದ್ದೇನೆ ಎಂದು ಅಳಿಯಂದ್ರು ಹೇಳಿಕೊಂಡರು. ಇಷ್ಟು ಮಂಜು ಕಣ್ಣಿಗೆ ಯಾವ ತಪ್ಪೂ ಕಾಣುವುದಿಲ್ಲ ಎಂದು ಅವರಿಗೆ ಒಳಗೊಳಗೇ ಒಂದು ಪಾಪಿಷ್ಠ ಸಮಾಧಾನವೂ ಆಯಿತು. ಅತ್ತೆ ನೇರ ಗೋಡೆಯ ಹತ್ತಿರ ಹೋದರು. ನೋಡಲಿಲ್ಲ, ಬೆರಳಾಡಿಸಿದರು. ಮೇಲಿನಿಂದ ಕೆಳಗೆ, ಎಡದಿಂದ ಬಲಕ್ಕೆ. ಮಲಗಿದ ಮಗುವಿನ ತಲೆ ಸವರುವ ಹಾಗೆ ನಿಧಾನವಾಗಿ ಸವರುತ್ತಿದ್ದ ಬೆರಳು ಒಂದು ಕಡೆ ತಟಕ್ಕನೆ ನಿಂತಿತು.

"ಅಳಿಯಂದ್ರೇ, ನನ್ನ ಕಣ್ಣಿಗೆ ಪೊರೆ ಬಂದಿದೆ, ಬೆರಳಿಗೆ ಬಂದಿಲ್ಲ. ಇವೆಲ್ಲ ಗಂಟುಗಳು. ಇದು ಹಿಂಭಾಗ."

ಡಾಕ್ಟರಿಗೆ ಸಿಡಿಲು ಬಡಿದಂತಾಯಿತು. ಕನ್ನಡಕ ಕಿತ್ತು ಪರದೆಗೆ ಉಜ್ಜಿ ಹಾಕಿಕೊಂಡು ನೋಡಿದರು. ಎಲ್ಲೆಲ್ಲೂ ದಾರದ ಬಾಲ, ಗಂಟಿನ ಮೇಲೆ ಗಂಟು. ಹಕ್ಕಿಯ ಬರೀ ದೆವ್ವ! ಒಂದು ಮೂಲೆ ಹಿಡಿದು ಎಳೆದರು. ಕಲ್ಲು. ಇನ್ನೊಂದು ಮೂಲೆ ಎಳೆದರು. ಅದೂ ಕಲ್ಲು. ಇಪ್ಪತ್ತೆರಡು ವರ್ಷದಲ್ಲಿ ಅವರ ಕೈಗೆ ಬಾರದೆ ಗಟ್ಟಿಯಾಗಿ ಕೂತ ಮೊದಲ ಹಲ್ಲು ಅದು. ಅಷ್ಟು ಹೊತ್ತಿಗೆ ಪೊರಕೆ ಹಿಡಿದು ವಾಪಸ್ ಬಂದ ಹೆಂಡತಿ ಬಾಗಿಲಲ್ಲೇ ದಂಗಾಗಿ ನಿಂತಳು.

"ಹಿಂದುಮುಂದು ನೋಡಿ ಹಾಕಿ ಅಂದಿದ್ನಲ್ಲ ರೀ!"

"ನೀನು ನನಗೆ ಬುದ್ಧಿ ಹೇಳ್ತಿದ್ದೀಯ ಅಂದ್ಕೊಂಡೆ ಕಣೇ."

"ಬಟ್ಟೆ ಬಗ್ಗೆ ಹೇಳಿದ್ದು! ನಿಮಗೆ ಬುದ್ಧಿ ಹೇಳೋದನ್ನ ಬಿಟ್ಟು ವರ್ಷಗಳಾಯ್ತು."

ಅತ್ತೆಯ ಬೆರಳು ಈಗ ಅಂಚಿಗೆ ಬಂದಿತ್ತು. ಅಲ್ಲಿ ಮೆತ್ತಿದ್ದನ್ನು ಅವರು ಅಂಗೈ ಇಟ್ಟು ನೋಡಿದರು. ಆ ಪುಡಿಗೆ ಒಂದು ಕೆಟ್ಟ ಗುಣವಿದೆ, ಕಲ್ಲಾಗುವಾಗ ಬಿಸಿಯಾಗುತ್ತದೆ.

"ಒಂದು ವರ್ಷದಿಂದ ಇಲ್ಲಿ ಇರೋದು," ಎಂದರು ಅತ್ತೆ, "ಇನ್ನೂ ಬೆಚ್ಚಗಿದೆಯಲ್ಲ."

ಹೆಂಡತಿ ಸೆರಗಿಗೆ ಮುಖ ಒತ್ತಿಕೊಂಡಳು. ಸಾವಿರಾರು ಜನರ ಬಾಯಿ ತೆರೆಸಿದ ಮನುಷ್ಯ, ತನ್ನ ಬಾಯಿ ತೆರೆಯಲು ಒದ್ದಾಡಿ, ಕೊನೆಗೆ ಬೀರುವಿನ ಅರೆಯಿಂದ ಹಿಡಿದು ಗೋಡೆಯ ಹುಳುಕಿನವರೆಗೆ ಎಲ್ಲವನ್ನೂ ಒಪ್ಪಿಸಿಬಿಟ್ಟರು. ಹೇಳುತ್ತಾ ಹೇಳುತ್ತಾ ಅವರಿಗೇ ಅಳು ಬಂತು. ಅತ್ತೆ ಮಂಗಳವಾರದ ಆಪರೇಷನ್‌ಗೆ ಮುಂಚೆ ನೋಡಬೇಕೆಂದು ಬಂದದ್ದು ಒಂದೇ ಒಂದು ವಸ್ತು. ಅದು ಕಣ್ಣೆದುರೇ ಇದ್ದೂ ಗೋಡೆಗೆ ಮುಖ ತಿರುಗಿಸಿಕೊಂಡಿತ್ತು.

ಆಗ ಗೋಡೆ ಮಾತಾಡಿತು. ಮೂವರೂ ಬೆಚ್ಚಿಬಿದ್ದರು.

"ಅಮ್ಮಾ, ನಿಮಗೆ ಹಕ್ಕಿ ನೋಡಬೇಕಿದ್ರೆ ಈ ಕಡೆ ಬನ್ನಿ. ಇಲ್ಲಿಂದ ಭಾಳ ಚೆನ್ನಾಗಿ ಕಾಣ್ತದೆ."

ಮೇಷ್ಟ್ರ ಹಾಲ್‌ನಲ್ಲಿ ದೀಪ ಹಾಕಿತ್ತು. ಪ್ರಪಂಚದ ಭೂಪಟ, ಅದರ ಮಹಾಸಾಗರದಲ್ಲಿ ತಟ್ಟೆಯಗಲದ ತೂತು, ಆ ತೂತಿನ ತುಂಬ ಹಕ್ಕಿ. ಕೊಕ್ಕು, ಕತ್ತು, ನೀಲಿ ಎದೆ, ಒಂದೊಂದು ಹೊಲಿಗೆಯೂ ಮುತ್ತು ಪೋಣಿಸಿದ ಹಾಗೆ. ಮೇಷ್ಟ್ರು ಅದರ ಎದುರಿಗೆ ಆಗಲೇ ಒಂದು ಕುರ್ಚಿ ಎಳೆದು ಹಾಕಿದ್ದರು. ನಲವತ್ತು ವರ್ಷ ಈ ಸಮುದ್ರದ ಪಾಠ ಮಾಡಿದ್ದೇನೆ, ಅದರಲ್ಲಿ ಹಕ್ಕಿ ಕೂತದ್ದು ಇವತ್ತೇ ನೋಡಿದ್ದು, ದಯವಿಟ್ಟು ಈ ತೂತು ಮುಚ್ಚಿಸಬೇಡಿ ಎಂದು ಅವರು ಕೇಳಿಕೊಂಡರು.

ಅತ್ತೆ ಕುರ್ಚಿಯಲ್ಲಿ ಕೂರಲಿಲ್ಲ. ಮೂಗು ತಾಗುವಷ್ಟು ಹತ್ತಿರ ಹೋಗಿ, ಒಂದು ಕಣ್ಣು ಮುಚ್ಚಿ, ಇನ್ನೊಂದರಲ್ಲಿ ತುಂಬ ಹೊತ್ತು ನೋಡಿದರು. ಆಮೇಲೆ ಹಕ್ಕಿಯ ನೀಲಿ ಎದೆಯ ಮೇಲೆ ಅಂಗೈ ಇಟ್ಟರು. "ನಿಮ್ಮ ಮಾವನವರ ಅಂಗಿ," ಎಂದರು ಮೆಲ್ಲಗೆ. ಅವರ ಕೆನ್ನೆ ಒದ್ದೆಯಾಗಿತ್ತು.

ಡಾಕ್ಟರು ಹಿಂದೆ ಕೈಕಟ್ಟಿ ನಿಂತಿದ್ದರು. ತಲೆಯಿಂದ ಇನ್ನೂ ಬಿಳಿ ಪುಡಿ ಉದುರುತ್ತಿತ್ತು. ಒಂದು ವರ್ಷ ನಿಮಗೆ ಸುಳ್ಳು ಹೇಳಿದೆ, ಕ್ಷಮಿಸಿಬಿಡಿ ಎಂದು ತೊದಲಿದರು.

ಅತ್ತೆ ಕಣ್ಣೊರೆಸಿಕೊಂಡು ತಿರುಗಿದರು.

"ಸುಳ್ಳೇನು ಬಂತು ಅಳಿಯಂದ್ರೇ? ಹಾಲ್‌ನಲ್ಲಿ ರಾರಾಜಿಸ್ತಾ ಇದೆ ಅಂದ್ರಿ, ರಾರಾಜಿಸ್ತಾ ಇದೆ. ನೋಡಿದವರು ಬೆರಗಾಗ್ತಾರೆ ಅಂದ್ರಿ, ಮೇಷ್ಟ್ರು ಬೆರಗಾಗಿದ್ದಾರೆ. ಯಾರ ಹಾಲ್‌ನಲ್ಲಿ ಅಂತ ಕೇಳದೆ ಇದ್ದದ್ದು ನನ್ನ ತಪ್ಪು."