ಬಾಜೂ ಮನಿ ಅಣ್ಣತಮ್ಮರ ಮುಚ್ಚಳಿಕಿ

ಸ್ವಲ್ಪ ಹತ್ರ ಬರ್ರಿ. ಯಾರ ಮುಂದೂ ಬಾಯಿ ಬಿಡಬ್ಯಾಡ್ರಿ, ನನ್ನಾಣಿ ಐತಿ. ನಮ್ಮ ಕಮರಿಪೇಟಿ ಓಣ್ಯಾಗ ಇಂಥಾವು ನಡೀತನ ಇರ್ತಾವ, ನಾ ಕಣ್ಣ ಮುಚ್ಚಿಕೊಂಡು ಕುಂಡ್ರಾಕ ಆಕ್ಕೈತೇನು?

೧. ಒಂದ ಆಟೋ

ಬಾಜೂ ಮನಿ ಅಣ್ಣತಮ್ಮರು, ನಡುವ ಒಂದ ಗ್ವಾಡಿ, ಎರಡ ಸಂಸಾರ, ಬಚ್ಚಲ ನೀರಿನ ಸಲುವಾಗಿ ಬಡದಾಡಿ ಪೊಲೀಸ್ ಠಾಣೆ ಹತ್ತಿದ್ರು. ಫೌಜದಾರ ಇಬ್ಬರ ಕಡಿಂದನೂ ಮುಚ್ಚಳಿಕಿ ಬರಸಿಕೊಂಡ: 'ಇನ್ನ ಒಬ್ಬರ ತಂಟೇಕ ಒಬ್ಬರು ಹೋಗೂದಿಲ್ಲ.'

"ಮಾತಾಡಬಹುದೇನ್ರಿ ಸಾಹೇಬ್ರ?" ಅಂದ ತಮ್ಮ.

"ತಂಟೆ ಅಂದ್ರ ತಂಟೆ, ನಡೀರಿ!"

ಮಾತಾಡೂದೂ ತಂಟೇನ ಅಂತ ತಿಳದು ಇಬ್ಬರ ಮಾತು ಬಂದ್ ಆತು. ವಾಪಸ್ ಬಂದದ್ದು ಮಾತ್ರ ಒಂದ ಆಟೋದಾಗ. ಎಲ್ಲಿಗೆ ಅಂತ ಆಟೋದಾಂವ ಕೇಳಿದ್ರ ಅಣ್ಣ "ಕಮರಿಪೇಟಿ" ಅಂದ. ತಮ್ಮ "ನನಗೂ ಅಲ್ಲೇ, ಆದ್ರ ಬ್ಯಾರೆ" ಅಂದ.

೨. ಬೆಕ್ಕು

ಆಮ್ಯಾಲ ಇಬ್ಬರದೂ ನಡುಗ್ವಾಡಿ ಮ್ಯಾಲಿನ ಬೆಕ್ಕಿನ ಕೂಡ ಮಾತು.

"ಏ ಬೆಕ್ಕೇ, ನಾಳೆ ನಳ ಬರತಾವಂತ, ತುಂಬಿಕೊಳ್ಳಾವ್ರು ತುಂಬಿಕೊಳ್ಳಲಿ," ಅನ್ನಾಂವ ಅಣ್ಣ.

"ಏ ಬೆಕ್ಕೇ, ಯಾರದೋ ಕೆಮ್ಮ ಭಾಳ ಆಗೇತಿ, ದವಾಖಾನಿಗೆ ಹೋಗಲಿ," ಅನ್ನಾಂವ ತಮ್ಮ.

ವರ್ಷಗಟ್ಟಲೆ ಹಿಂಗ. ಎರಡೂ ಮನಿ ಹಾಲು ಕುಡದು ಬೆಕ್ಕು ಗ್ವಾಡಿ ಏರಲಾರದಂಗ ದಪ್ಪಾತು.

೩. ವಕೀಲರ ಮಾತು

ಅಣ್ಣ ಹಾಸಿಗಿ ಹಿಡದ. ತಮ್ಮ ಅಣ್ಣನ ಬಾಗಲದಾಗ ನಿಂತು ಒಳಗ ಇಣಕತಿದ್ದ, ಹೊಸ್ತಲ ದಾಟವಲ್ಲ.

"ಹೋಗೋ ಹುಚ್ಚಾ," ಅಂದೆ.

"ಮುಚ್ಚಳಿಕಿ ಮುರದ್ರ ಅಣ್ಣನ್ನೂ ಕೋರ್ಟಿಗೆ ಎಳೀತಾರ ಆಯಿ."

ಧಾರವಾಡಕ್ಕ ಹೋಗಿ ಮುದುಕ ವಕೀಲರನ್ನ ಕೇಳಿದ. ಅವರು ಅಂದ್ರಂತ: "ಮುಚ್ಚಳಿಕಿ ಅಂಬೂದು ತುರ್ಕಿ ಭಾಷಾದ ಶಬ್ದ. ಅಲ್ಲಿಂದ ಪಾರಸಿ ದರಬಾರ, ಅಲ್ಲಿಂದ ಮರಾಠಿ ಕಚೇರಿ, ಆಮ್ಯಾಲ ನಮ್ಮ ಠಾಣೆ. ಸರಕಾರಕ್ಕ ಬರದು ಕೊಡೂ ಮಾತು, ಅಷ್ಟ. ನೀ ಕೊಟ್ಟದ್ದು ಜಗಳಾ ಮಾಡೂದಿಲ್ಲ ಅಂತ. ಮಾತಾಡೂದಿಲ್ಲ ಅಂತ ಅಲ್ಲ. ಅದರ ಮುದ್ದತ್ತು, ಅವಧಿ, ಅದೂ ಯಾವಾಗೋ ಮುಗದೈತಿ. ಆ ಶಬ್ದ ಅಷ್ಟ ದೂರದಿಂದ ನಡಕೋತ ಬಂತು, ನಿನಗ ಬಾಜೂ ಮನಿಗೆ ಹೋಗಾಕ ಆಗಲಿಲ್ಲೇನೋ?"

೪. ಅಣ್ಣನ ಹೆಂಡತಿ

ತಮ್ಮ ಬಸ್ ಹಿಡದು ಓಡಿ ಬಂದ್ರ ಅಣ್ಣನ ಮನಿ ಮುಂದ ಮಂದಿ ನೆರದಿತ್ತು. ಹೆಣದ ಕಾಲ ಹಿಡಕೊಂಡು, "ಅಣ್ಣಾ, ಮಾತಾಡಬಹುದಿತ್ತಂತೋ!" ಅಂತ ಹೊಯ್ಕೊಂಡ. ಓಣಿಗೆ ಓಣಿನ ಅತ್ತು.

ದಿನಕರ್ಮ ಎಲ್ಲಾ ಮುಗದ ಮ್ಯಾಲ ಅಣ್ಣನ ಹೆಂಡತಿ ಕಡೆ ಹೋಗಿ ಕುಂತೆ. ಸೆರಗಿನಾಗ ಮುಖಾ ಒರಸಿಕೊಂಡು ಅಂದ್ಲು:

"ಮಾತಾಡಬಹುದಂತ ನಮ್ಮ ಮನ್ಯಾರಿಗೆ ಗೊತ್ತಿತ್ತ್ರಿ ಆಯಿ. ಹಿಂದಕ ತಾವ ಯಾರನ್ನೋ ಕೇಳಿಕೊಂಡು ಬಂದಿದ್ರು. ಮೊದಲ ತಮ್ಮನೇ ಮಾತಾಡಸಲಿ ಅಂತ ಹಟಾ ಹಿಡದು ಕುಂತ್ರು. ಮೈದುನಗ ಇದು ಗೊತ್ತಾದ್ರ ಎದಿ ಒಡಕೊಂಡು ಸಾಯ್ತಾನ."

"ಹಂಗಿದ್ರ ನನಗ್ಯಾಕ ಹೇಳಿದಿ?" ಅಂದೆ.

ಆಕಿ ನನ್ನ ಮುಖಾ ನೋಡಿ ಅಂದ್ಲು: "ಎಲ್ಲ್ಯಾದ್ರೂ ಒಂದ ಕಡೆ ಹೇಳಿಕೊಂಡು ಅಳಬೇಕಾಗಿತ್ತ್ರಿ. ನೀವಾದ್ರ ಊರ ತುಂಬ ಹೇಳಿಕೋತ ಅಡ್ಡಾಡಿದ್ರೂ ಯಾರೂ ನಂಬೂದಿಲ್ಲ."